ಅನ್ನನಾಳ ಕಿರಿದಾದಾಗ: ಎಂಡೋಸ್ಕೋಪಿಯಿಂದ ದಾರಿ ಬಿಡಿಸುವುದು ಹೇಗೆ?

ಊಟ ಮಾಡುವಾಗ ತುತ್ತು ಎದೆಯಲ್ಲಿ ಸಿಕ್ಕಿಕೊಂಡಂತಾದರೆ ನಮ್ಮ ಕಡೆ ಸಿಗುವ ಮೊದಲ ಸಲಹೆ 'ನೀರು ಕುಡಿ, ಇಳಿಯುತ್ತದೆ'. ಎರಡನೆಯದು 'ಒಂದು ಬಾಳೆಹಣ್ಣು ನುಂಗು'. ಒಂದು ಸಲ ಹೀಗಾದರೆ ಅವಸರದಲ್ಲಿ ಸರಿಯಾಗಿ ಅಗಿಯಲಿಲ್ಲ ಎಂದುಕೊಳ್ಳಬಹುದು. ಮತ್ತೆ ಮತ್ತೆ ಹೀಗಾಗುತ್ತಿದ್ದರೆ ಅದು ಅನ್ನನಾಳ ಕಿರಿದಾಗಿರುವುದರ ಸೂಚನೆ ಇರಬಹುದು. ಇದನ್ನು ವೈದ್ಯರು 'ಸ್ಟ್ರಿಕ್ಚರ್' ಎನ್ನುತ್ತಾರೆ. ಇವುಗಳಲ್ಲಿ ಹೆಚ್ಚಿನವನ್ನು ಹೊಟ್ಟೆ, ಎದೆ ಕೊಯ್ಯದೆ, ಬಾಯಿಯ ಮೂಲಕ ಇಳಿಸುವ ಎಂಡೋಸ್ಕೋಪಿನಿಂದಲೇ ಸರಿಪಡಿಸಬಹುದು. ಆದರೆ ಅದಕ್ಕೆ ರೋಗಿ ಸಮಯಕ್ಕೆ ಸರಿಯಾಗಿ ಆಸ್ಪತ್ರೆಗೆ ಬರಬೇಕು.

ಸಮಸ್ಯೆ ಇರುವುದೇ ಇಲ್ಲಿ. ಅನ್ನನಾಳ ನಿಧಾನವಾಗಿ ಕಿರಿದಾಗುವಾಗ ಮನುಷ್ಯ ತನಗೆ ಗೊತ್ತಿಲ್ಲದಂತೆಯೇ ಊಟ ಬದಲಿಸಿಕೊಳ್ಳುತ್ತಾನೆ. ಕಲಬುರಗಿ ಸೀಮೆಯವರಾದರೆ ಮೊದಲು ಕಡಕ್ ರೊಟ್ಟಿ ಬಿಡುತ್ತಾರೆ. ಆಮೇಲೆ ಬಿಸಿ ರೊಟ್ಟಿಯನ್ನು ಬೇಳೆಯಲ್ಲಿ ನೆನೆಸಿ ತಿನ್ನುತ್ತಾರೆ. ನಂತರ ಅನ್ನ, ನುಚ್ಚು, ಕೊನೆಗೆ ಗಂಜಿ, ಅಂಬಲಿ. ಮನೆಯವರು 'ವಯಸ್ಸಾಯಿತು, ಊಟ ಕಡಿಮೆಯಾಗಿದೆ' ಎಂದುಕೊಳ್ಳುತ್ತಾರೆ. ತೂಕ ಇಳಿದು, ನೀರೂ ಇಳಿಯದಂತಾದಾಗ ವೈದ್ಯರ ಬಳಿ ಹೋದರೆ ಎಷ್ಟೋ ತಿಂಗಳು ಕಳೆದುಹೋಗಿರುತ್ತದೆ.

ಎಷ್ಟು ಕಿರಿದಾದರೆ ತೊಂದರೆ?

ಅನ್ನನಾಳ ಎಂಬುದು ಗಂಟಲಿನಿಂದ ಜಠರದವರೆಗೆ ಇರುವ ಸ್ನಾಯುಗಳ ಕೊಳವೆ. ವಯಸ್ಕರಲ್ಲಿ ಇದರ ಉದ್ದ ಸುಮಾರು 25 ಸೆಂ.ಮೀ. ಸುಮ್ಮನಿದ್ದಾಗ ಇದರ ಗೋಡೆಗಳು ಒಂದಕ್ಕೊಂದು ಅಂಟಿಕೊಂಡಿರುತ್ತವೆ. ತುತ್ತು ಬಂದಾಗ 2 ಸೆಂ.ಮೀ.ಗಿಂತಲೂ ಹೆಚ್ಚು ಅಗಲಕ್ಕೆ ಹಿಗ್ಗುತ್ತವೆ. ತುತ್ತು ತನ್ನ ಭಾರದಿಂದ ಕೆಳಗೆ ಬೀಳುವುದಿಲ್ಲ. ಸ್ನಾಯುಗಳು ಅಲೆಯಂತೆ ಹಿಂಡುತ್ತಾ ಅದನ್ನು ಕೆಳಗೆ ದೂಡುತ್ತವೆ. ಕೆಳತುದಿಯಲ್ಲಿರುವ ಸ್ನಾಯುವಿನ ಬಳೆ ಬಾಗಿಲಿನಂತೆ ತೆರೆದು, ತುತ್ತನ್ನು ಜಠರಕ್ಕೆ ಬಿಟ್ಟು, ಮತ್ತೆ ಮುಚ್ಚಿಕೊಳ್ಳುತ್ತದೆ.

ಈ ದಾರಿಯ ಅಗಲ ಸುಮಾರು 13 ಮಿ.ಮೀ.ಗಿಂತ ಕಡಿಮೆಯಾದಾಗ ಗಟ್ಟಿ ಆಹಾರ ಸಿಕ್ಕಿಕೊಳ್ಳಲು ಶುರುವಾಗುತ್ತದೆ. ಇನ್ನೂ ಕಿರಿದಾದರೆ ಮೆತ್ತಗಿನ ಆಹಾರ, ಆಮೇಲೆ ದ್ರವವೂ ನಿಲ್ಲುತ್ತದೆ. ಈ ಕ್ರಮ ರೋಗ ಗುರುತಿಸಲು ಮುಖ್ಯ. ಮೊದಲು ರೊಟ್ಟಿ, ಆಮೇಲೆ ಅನ್ನ, ಕೊನೆಗೆ ನೀರು ಎಂದಾದರೆ ದಾರಿ ಕಿರಿದಾಗಿದೆ ಎಂದು ಊಹಿಸಬಹುದು. ಮೊದಲ ದಿನದಿಂದಲೇ ರೊಟ್ಟಿ ಮತ್ತು ನೀರು ಎರಡೂ ಒಂದೇ ರೀತಿ ಸಿಕ್ಕಿಕೊಳ್ಳುತ್ತಿದ್ದರೆ ಸ್ನಾಯುಗಳ ಚಲನೆಯಲ್ಲೇ ದೋಷವಿರಬಹುದು.

ಕಿರಿದಾಗುವುದು ಯಾಕೆ?

*ಹುಳಿ ಮೇಲೆ ಬರುವುದು.* ಜಠರದ ಆಮ್ಲ ವರ್ಷಗಟ್ಟಲೆ ಮೇಲೆ ನುಗ್ಗುತ್ತಿದ್ದರೆ ಅನ್ನನಾಳದ ಕೆಳಭಾಗದಲ್ಲಿ ಹುಣ್ಣಾಗಿ, ಅದು ಮಾಯುವಾಗ ಗಡಸು ಕಲೆ ಉಳಿಯುತ್ತದೆ. ಚರ್ಮದ ಮೇಲಿನ ಸುಟ್ಟಗಾಯ ಮಾಯುವಾಗ ಸುತ್ತಲಿನ ಚರ್ಮವನ್ನು ಎಳೆದುಕೊಳ್ಳುವಂತೆ, ಈ ಕಲೆ ಕೊಳವೆಯನ್ನು ಒಳಕ್ಕೆ ಎಳೆಯುತ್ತದೆ.

*ಆ್ಯಸಿಡ್ ಅಥವಾ ಕ್ಷಾರ ಕುಡಿಯುವುದು.* ಶೌಚಾಲಯ ತೊಳೆಯುವ ಆ್ಯಸಿಡ್ಡನ್ನು ಮಕ್ಕಳು ತಿಳಿಯದೆ, ದೊಡ್ಡವರು ಕೆಲವೊಮ್ಮೆ ದುಡುಕಿ ಕುಡಿಯುತ್ತಾರೆ. ಬದುಕುಳಿದ ಹಲವರಲ್ಲಿ ಕೆಲವು ವಾರಗಳ ನಂತರ ಅನ್ನನಾಳ ಕಿರಿದಾಗುತ್ತದೆ.

*ರಕ್ತಹೀನತೆ.* ಕಬ್ಬಿಣಾಂಶದ ಕೊರತೆ ಬಹಳ ಕಾಲ ಇರುವವರಲ್ಲಿ, ಅದರಲ್ಲೂ ಮಹಿಳೆಯರಲ್ಲಿ, ಅನ್ನನಾಳದ ಮೇಲ್ಭಾಗದಲ್ಲಿ ತೆಳುವಾದ ಪೊರೆ ಬೆಳೆದು ದಾರಿಗೆ ಅಡ್ಡವಾಗಬಹುದು. ಇದಕ್ಕೆ ಪ್ಲಮರ್-ವಿನ್ಸನ್ ಸಿಂಡ್ರೋಮ್ ಎಂದು ಹೆಸರು.

*ಮಾತ್ರೆಗಳು.* ಡಾಕ್ಸಿಸೈಕ್ಲಿನ್, ಕಬ್ಬಿಣದ ಮಾತ್ರೆ, ಪೊಟ್ಯಾಸಿಯಂ, ಮೂಳೆ ಸವೆತಕ್ಕೆ ಕೊಡುವ ಅಲೆಂಡ್ರೊನೇಟ್ ಮುಂತಾದವು ಅನ್ನನಾಳದಲ್ಲೇ ನಿಂತರೆ ಅಲ್ಲೇ ಸುಡುತ್ತವೆ. ಗುಟುಕು ನೀರಿನಲ್ಲಿ ಮಾತ್ರೆ ನುಂಗಿ ತಕ್ಷಣ ಮಲಗುವವರಿಗೆ ಈ ಅಪಾಯ ಹೆಚ್ಚು.

*ಚಿಕಿತ್ಸೆಯ ನಂತರ.* ಎದೆ ಅಥವಾ ಕತ್ತಿನ ಕ್ಯಾನ್ಸರ್‌ಗೆ ಕೊಟ್ಟ ವಿಕಿರಣ, ಅನ್ನನಾಳದ ಶಸ್ತ್ರಚಿಕಿತ್ಸೆಯಲ್ಲಿ ಹಾಕಿದ ಜೋಡಣೆ ಇವೂ ಕಿರಿದಾಗಬಹುದು.

*ಅಲರ್ಜಿ ಮಾದರಿಯ ಉರಿಯೂತ.* ಇಯೋಸಿನೊಫಿಲಿಕ್ ಈಸೊಫೆಜೈಟಿಸ್ ಎಂಬ ಕಾಯಿಲೆಯಲ್ಲಿ ಅನ್ನನಾಳದ ಗೋಡೆ ಬಳೆ ಬಳೆಯಾಗಿ ಬಿಗಿದುಕೊಳ್ಳುತ್ತದೆ. ಇದು ಯುವಕರಲ್ಲೂ ಕಾಣುತ್ತದೆ.

*ಕ್ಯಾನ್ಸರ್.* ಬೆಂಗಳೂರಿನ ಕಿದ್ವಾಯಿ ಸಂಸ್ಥೆ 1982ರಿಂದ ನಡೆಸುತ್ತಿರುವ ಕ್ಯಾನ್ಸರ್ ನೋಂದಣಿಯಲ್ಲಿ ಅನ್ನನಾಳದ ಕ್ಯಾನ್ಸರ್ ಗಂಡಸರಲ್ಲೂ ಹೆಂಗಸರಲ್ಲೂ ಹೆಚ್ಚಾಗಿ ಕಾಣುವ ಕ್ಯಾನ್ಸರ್‌ಗಳ ಸಾಲಿನಲ್ಲಿದೆ. ಬೀಡಿ, ಸಿಗರೇಟು, ಗುಟ್ಕಾ, ತಂಬಾಕು ಹಾಕಿದ ಎಲೆ-ಅಡಿಕೆ, ಮದ್ಯ ಇದಕ್ಕೆ ಮುಖ್ಯ ಕಾರಣಗಳು. ನಲವತ್ತು ದಾಟಿದವರಿಗೆ ಹೊಸದಾಗಿ ನುಂಗಲು ತೊಂದರೆಯಾದರೆ ವೈದ್ಯರು ಮೊದಲು ತಳ್ಳಿಹಾಕಬೇಕಾದದ್ದು ಇದನ್ನೇ.

ಪತ್ತೆ ಹೇಗೆ?

ಬಣ್ಣದ ದ್ರವ ಕುಡಿಸಿ ತೆಗೆಯುವ ಬೇರಿಯಂ ಎಕ್ಸ್-ರೇಯಲ್ಲಿ ದಾರಿ ಎಲ್ಲಿ, ಎಷ್ಟು ಉದ್ದ ಕಿರಿದಾಗಿದೆ ಎಂದು ಕಾಣುತ್ತದೆ. ಆದರೆ ಯಾಕೆ ಎಂದು ತಿಳಿಯಲು ಎಂಡೋಸ್ಕೋಪಿ ಬೇಕು. ತುದಿಯಲ್ಲಿ ಕ್ಯಾಮೆರಾ ಮತ್ತು ದೀಪವಿರುವ, ಕಿರುಬೆರಳಿನಷ್ಟು ದಪ್ಪದ ಬಾಗುವ ಕೊಳವೆಯನ್ನು ಬಾಯಿಯ ಮೂಲಕ ಇಳಿಸಿ ಒಳಭಾಗವನ್ನು ನೇರವಾಗಿ ನೋಡುತ್ತಾರೆ. ಅದರೊಳಗಿನ ಸಣ್ಣ ಕಾಲುವೆಯ ಮೂಲಕ ಚಿಮುಟ ಕಳಿಸಿ ಬಯಾಪ್ಸಿಗೆ ಚೂರು ತೆಗೆಯುತ್ತಾರೆ. ಚೂರು ತೆಗೆಯುವಾಗ ನೋವಾಗುವುದಿಲ್ಲ. ಬಯಾಪ್ಸಿ ಎಂದರೆ ಕ್ಯಾನ್ಸರ್ ಇದೆ ಎಂದರ್ಥವಲ್ಲ. ಇದೆಯೋ ಇಲ್ಲವೋ ಎಂದು ಖಚಿತಪಡಿಸಿಕೊಳ್ಳುವ ದಾರಿ ಅದು.

ಹಿಗ್ಗಿಸುವ ಚಿಕಿತ್ಸೆ

ಕಿರಿದಾದ ದಾರಿಯನ್ನು ಒಳಗಿನಿಂದ ಹಿಗ್ಗಿಸುವ ಯೋಚನೆ ಹೊಸದೇನಲ್ಲ. 1674ರಲ್ಲಿ ಇಂಗ್ಲೆಂಡಿನ ವೈದ್ಯ ಥಾಮಸ್ ವಿಲ್ಲಿಸ್, ಊಟ ಇಳಿಯದ ರೋಗಿಯೊಬ್ಬನಿಗೆ ತಿಮಿಂಗಿಲದ ಎಲುಬಿನಂಥ ಕಡ್ಡಿಯ ತುದಿಗೆ ಸ್ಪಂಜು ಕಟ್ಟಿ ಆಹಾರವನ್ನು ಕೆಳಗೆ ದೂಡುವ ಉಪಾಯ ಬರೆದಿಟ್ಟಿದ್ದ. ಆಗ ಎಲ್ಲವೂ ಕತ್ತಲಲ್ಲಿ ನಡೆಯುವ ಕೆಲಸ. 1957ರಲ್ಲಿ ಬೇಸಿಲ್ ಹಿರ್ಶೊವಿಟ್ಜ್ ಮತ್ತು ಜೊತೆಗಾರರು ಬಾಗುವ ಗಾಜಿನ ಎಳೆಗಳ ಎಂಡೋಸ್ಕೋಪ್ ರೂಪಿಸಿದ ಮೇಲೆ ಕಣ್ಣಿಟ್ಟು ನೋಡುತ್ತಾ ಚಿಕಿತ್ಸೆ ಮಾಡುವ ಕಾಲ ಬಂತು.

ಇಂದು ಬಳಕೆಯಲ್ಲಿರುವುದು ಮುಖ್ಯವಾಗಿ ಎರಡು ಸಾಧನಗಳು.

ಮೊದಲನೆಯದು *ಬೂಜಿ*. ತುದಿ ಚೂಪಾಗಿ, ಬರಬರುತ್ತಾ ದಪ್ಪವಾಗುವ ಬಾಗುವ ಕಡ್ಡಿ ಇದು. ಮೊದಲು ಎಂಡೋಸ್ಕೋಪಿನ ಮೂಲಕ ತೆಳುವಾದ ತಂತಿಯನ್ನು ಕಿರಿದಾದ ಜಾಗ ದಾಟಿಸಿ ಜಠರದವರೆಗೆ ಇಳಿಸುತ್ತಾರೆ. ಆಮೇಲೆ ಎಂಡೋಸ್ಕೋಪ್ ಹೊರತೆಗೆದು, ಆ ತಂತಿಯ ಮೇಲೆಯೇ ಬೂಜಿ ಜಾರಿಸುತ್ತಾರೆ. ತಂತಿ ಇರುವುದರಿಂದ ಕಡ್ಡಿ ದಾರಿ ತಪ್ಪಿ ಗೋಡೆಗೆ ಚುಚ್ಚುವುದಿಲ್ಲ. ಒಂದಾದ ಮೇಲೊಂದು ದಪ್ಪನೆಯ ಬೂಜಿ ಹಾಕುತ್ತಾ ದಾರಿ ಅಗಲ ಮಾಡುತ್ತಾರೆ.

ಎರಡನೆಯದು *ಬಲೂನ್*. ಮಡಿಸಿದ ಸಣ್ಣ ಬಲೂನನ್ನು ಎಂಡೋಸ್ಕೋಪಿನ ಕಾಲುವೆಯಿಂದಲೇ ಕಳಿಸಿ, ಕಿರಿದಾದ ಜಾಗದ ನಡುವೆ ನಿಲ್ಲಿಸಿ, ಒತ್ತಡದಲ್ಲಿ ನೀರು ತುಂಬಿ ಉಬ್ಬಿಸುತ್ತಾರೆ. ಕೆಲವು ಸೆಕೆಂಡುಗಳಿಂದ ಒಂದು ನಿಮಿಷದವರೆಗೆ ಹಾಗೇ ಹಿಡಿದು ಮತ್ತೆ ಇಳಿಸುತ್ತಾರೆ. ಕಲೆಯ ಅಂಗಾಂಶ ಬಿರಿದು ದಾರಿ ಬಿಡುತ್ತದೆ.

ಎರಡರಲ್ಲಿ ಯಾವುದು ಮೇಲು? ಸರಳ ಸ್ಟ್ರಿಕ್ಚರ್‌ಗಳಲ್ಲಿ ಎರಡರ ಫಲವೂ ಹೆಚ್ಚುಕಡಿಮೆ ಒಂದೇ. ಬಲೂನ್ ಎಂದರೆ ಹೊಸದು, ಬೂಜಿ ಎಂದರೆ ಹಳೆಯದು ಎಂದು ಅಳೆಯುವುದು ಸರಿಯಲ್ಲ. ಬೂಜಿಯನ್ನು ತೊಳೆದು ಮತ್ತೆ ಬಳಸಬಹುದಾದ್ದರಿಂದ ಖರ್ಚು ಕಡಿಮೆ. ಹಲವು ಸಲ ಹಿಗ್ಗಿಸಬೇಕಾದ ರೋಗಿಗೆ ಇದು ಸಣ್ಣ ಮಾತಲ್ಲ.

ಒಂದೇ ಸಲಕ್ಕೆ ಏಕೆ ಮುಗಿಸುವುದಿಲ್ಲ?

'ಒಂದೇ ದಿನ ಪೂರ್ತಿ ಅಗಲ ಮಾಡಿ ಕಳಿಸಬಾರದೇ?' ಎಂದು ರೋಗಿಗಳು ಕೇಳುವುದುಂಟು. ಕಾರಣ ಅನ್ನನಾಳ ಹರಿದುಬಿಡುವ ಭಯ. ಹಾಗಾಗಿ ವೈದ್ಯರು ಸಾಮಾನ್ಯವಾಗಿ 'ಮೂರರ ನಿಯಮ' ಪಾಲಿಸುತ್ತಾರೆ. ಬಿಗಿ ಅನುಭವಕ್ಕೆ ಬಂದ ಮೇಲೆ ಒಂದು ಸಲಕ್ಕೆ ಮೂರು ಅಳತೆಗಿಂತ ಹೆಚ್ಚು, ಅಂದರೆ ಸುಮಾರು 3 ಮಿ.ಮೀ.ಗಿಂತ ಹೆಚ್ಚು ಹಿಗ್ಗಿಸುವುದಿಲ್ಲ. ಒಂದೆರಡು ವಾರ ಬಿಟ್ಟು ಮತ್ತೆ ಕರೆಯುತ್ತಾರೆ. 14–15 ಮಿ.ಮೀ. ತಲುಪಿದರೆ ಹೆಚ್ಚಿನವರು ರೊಟ್ಟಿ ಸೇರಿದಂತೆ ಮಾಮೂಲಿ ಊಟ ಮಾಡಬಲ್ಲರು.

ಹೀಗಾಗಿ ಎರಡನೆಯ, ಮೂರನೆಯ ಸಲ ಕರೆದರೆ ಮೊದಲ ಚಿಕಿತ್ಸೆ ವಿಫಲವಾಯಿತು ಎಂದಲ್ಲ. ಒಂದು ಸಲ ಹಿಗ್ಗಿಸಿದ ಮೇಲೆ ಗಂಜಿ ಇಳಿಯಲು ಶುರುವಾಯಿತೆಂದು ಮುಂದಿನ ತಾರೀಖು ತಪ್ಪಿಸಿದರೆ ಕಲೆ ಮತ್ತೆ ಬಿಗಿದುಕೊಳ್ಳುತ್ತದೆ. ಅರ್ಧಕ್ಕೆ ಬಿಟ್ಟವರು ಮತ್ತೆ ಮೊದಲಿನಿಂದ ಶುರುಮಾಡಬೇಕಾಗುತ್ತದೆ.

ಹಿಗ್ಗಿಸುವುದು ದಾರಿ ಬಿಡಿಸುತ್ತದೆಯೇ ಹೊರತು ಮೂಲ ಕಾರಣವನ್ನು ತೆಗೆಯುವುದಿಲ್ಲ. ಹುಳಿಯಿಂದ ಆದದ್ದಕ್ಕೆ ಆಮ್ಲ ತಗ್ಗಿಸುವ ಮಾತ್ರೆಯನ್ನು ಹೇಳಿದಷ್ಟು ಕಾಲ ತೆಗೆದುಕೊಳ್ಳಬೇಕು. ರಕ್ತಹೀನತೆಯಿಂದ ಆದದ್ದಕ್ಕೆ ಕಬ್ಬಿಣಾಂಶ ತುಂಬಬೇಕು. ಕೆಲವರಲ್ಲಿ ಪೊರೆ ತೆಳುವಾಗಿದ್ದರೆ ಅಷ್ಟರಿಂದಲೇ ನುಂಗುವುದು ಸುಧಾರಿಸುತ್ತದೆ.

ಮತ್ತೆ ಮತ್ತೆ ಬಿಗಿದರೆ

ಎರಡು ವಾರಕ್ಕೊಮ್ಮೆಯಂತೆ ಐದು ಸಲ ಹಿಗ್ಗಿಸಿದರೂ 14 ಮಿ.ಮೀ. ತಲುಪದಿದ್ದರೆ ಅದನ್ನು ಹಟಮಾರಿ ಸ್ಟ್ರಿಕ್ಚರ್ ಎಂದು ಪರಿಗಣಿಸುತ್ತಾರೆ. ಆ್ಯಸಿಡ್, ವಿಕಿರಣ, ಶಸ್ತ್ರಚಿಕಿತ್ಸೆಯ ಜೋಡಣೆಗಳಲ್ಲಿ ಇದು ಹೆಚ್ಚು. ಆಗಲೂ ಎಂಡೋಸ್ಕೋಪಿಯಲ್ಲಿ ದಾರಿಗಳಿವೆ. ಹಿಗ್ಗಿಸುವಾಗಲೇ ಕಲೆಯೊಳಗೆ ಟ್ರಯಾಮ್ಸಿನೊಲೋನ್ ಎಂಬ ಸ್ಟೆರಾಯ್ಡ್ ಚುಚ್ಚಿದರೆ ಕಲೆ ಮತ್ತೆ ಗಟ್ಟಿಯಾಗುವುದು ನಿಧಾನವಾಗುತ್ತದೆ. ಬಳೆಯಂತೆ ಗಿಡ್ಡಗಿರುವ ಕಲೆಯನ್ನು ವಿದ್ಯುತ್ ಚಾಕುವಿನಿಂದ ಅಲ್ಲಲ್ಲಿ ಸೀಳುತ್ತಾರೆ. ಕೆಲವರಿಗೆ ಪೂರ್ತಿ ಹೊದಿಕೆಯಿರುವ ಸ್ಟೆಂಟ್, ಅಂದರೆ ತಾನೇ ಅಗಲವಾಗುವ ಜಾಲರಿ ಕೊಳವೆ, ಕೆಲವು ವಾರ ಕೂರಿಸಿ ತೆಗೆಯುತ್ತಾರೆ. ಇದು ಜಾರುವುದು, ನೋವು ಕೊಡುವುದು ಇರುವುದರಿಂದ ಮೊದಲ ಆಯ್ಕೆಯಲ್ಲ. ಇದ್ಯಾವುದೂ ಫಲಿಸದಿದ್ದರೆ ಜಠರ ಅಥವಾ ದೊಡ್ಡ ಕರುಳಿನ ಭಾಗವನ್ನು ಬಳಸಿ ಹೊಸ ಅನ್ನನಾಳ ಮಾಡುವ ಶಸ್ತ್ರಚಿಕಿತ್ಸೆ ಉಳಿಯುತ್ತದೆ.

ಬಾಗಿಲೇ ತೆರೆಯದಿದ್ದರೆ: ಅಚಲೇಸಿಯಾ

ಇಲ್ಲಿ ಕಲೆ ಇರುವುದಿಲ್ಲ. ಅನ್ನನಾಳದ ನರಗಳು ಹಾಳಾಗಿ ಕೆಳಗಿನ ಸ್ನಾಯುವಿನ ಬಳೆ ಸಡಿಲವಾಗುವುದೇ ಇಲ್ಲ. ಊಟ, ನೀರು ಎರಡೂ ನಿಲ್ಲುತ್ತವೆ. ರಾತ್ರಿ ಮಲಗಿದಾಗ ಹಳೆಯ ಊಟ ಬಾಯಿಗೆ ಬರುತ್ತದೆ, ಕೆಮ್ಮು ಏಳುತ್ತದೆ. ಇದಕ್ಕೆ 30 ರಿಂದ 40 ಮಿ.ಮೀ.ನ ದೊಡ್ಡ ಗಾಳಿ ಬಲೂನ್ ಬಳಸಿ ಆ ಸ್ನಾಯುವನ್ನೇ ಹರಿಯುವಂತೆ ಹಿಗ್ಗಿಸುತ್ತಾರೆ. ಇನ್ನೊಂದು ವಿಧಾನ 'ಪೊಯೆಮ್'. ಜಪಾನಿನ ಹರುಹಿರೊ ಇನೊಯೆ 2008ರಲ್ಲಿ ಮೊದಲ ಸಲ ರೋಗಿಯೊಬ್ಬರಿಗೆ ಇದನ್ನು ಮಾಡಿದರು. ಅನ್ನನಾಳದ ಒಳಪದರದಲ್ಲಿ ಸಣ್ಣ ಸೀಳು ಮಾಡಿ, ಪದರಗಳ ನಡುವೆ ಸುರಂಗದಂತೆ ಸಾಗಿ, ಬಿಗಿದ ಸ್ನಾಯುವನ್ನು ಕತ್ತರಿಸಿ, ಕೊನೆಗೆ ಬಾಯಿಯನ್ನು ಕ್ಲಿಪ್ ಹಾಕಿ ಮುಚ್ಚುತ್ತಾರೆ. ಹೊರಗೆ ಒಂದು ಹೊಲಿಗೆಯೂ ಇರುವುದಿಲ್ಲ. ಆದರೆ ನಂತರ ಹಲವರಿಗೆ ಎದೆಯುರಿ ಬರುವುದರಿಂದ ಮಾತ್ರೆ ಬೇಕಾಗುತ್ತದೆ. ಕಲಬುರಗಿ, ಕಮಲಾಪುರ ಕಡೆಯವರಿಗೆ ಈ ಚಿಕಿತ್ಸೆ ಮಾಡುವ ದೊಡ್ಡ ಕೇಂದ್ರಗಳು ಹೈದರಾಬಾದ್ ಮತ್ತು ಬೆಂಗಳೂರಿನಲ್ಲಿವೆ.

ಕ್ಯಾನ್ಸರ್ ಆಗಿದ್ದರೆ

ಬೇಗ ಗೊತ್ತಾದರೆ ಶಸ್ತ್ರಚಿಕಿತ್ಸೆ, ವಿಕಿರಣ, ಕಿಮೊಥೆರಪಿಯಿಂದ ಗುಣಪಡಿಸುವ ಪ್ರಯತ್ನ ಸಾಧ್ಯ. ಒಳಪದರದಲ್ಲಷ್ಟೇ ಇರುವ ತೀರಾ ಆರಂಭದ ಗಂಟನ್ನು ಎಂಡೋಸ್ಕೋಪಿನಿಂದಲೇ ಕೆತ್ತಿ ತೆಗೆಯಬಹುದು. ತಡವಾಗಿ ಬಂದವರಿಗೆ ಲೋಹದ ಜಾಲರಿಯ ಸ್ಟೆಂಟ್ ಹಾಕಿದರೆ ಒಂದೆರಡು ದಿನದಲ್ಲೇ ದ್ರವ, ಮೆತ್ತಗಿನ ಆಹಾರ ಇಳಿಯುತ್ತದೆ. ಸ್ಟೆಂಟ್ ಕ್ಯಾನ್ಸರನ್ನು ಗುಣಪಡಿಸುವುದಿಲ್ಲ. ಆದರೆ ಬಾಯಿಯಿಂದ ಉಣ್ಣುವ ನೆಮ್ಮದಿ ಕೊಡುತ್ತದೆ. ಈ ಎರಡೂ ಮಾತುಗಳನ್ನು ಮನೆಯವರಿಗೆ ಮೊದಲೇ ಸ್ಪಷ್ಟವಾಗಿ ತಿಳಿಸಬೇಕು. ಸ್ಟೆಂಟ್ ಇರುವವರು ರೊಟ್ಟಿಯ ದೊಡ್ಡ ಚೂರು, ನಾರಿನ ತರಕಾರಿ, ಮಾಂಸದ ತುಂಡು ನುಂಗಬಾರದು. ಜಾಲರಿ ಕಟ್ಟಿಕೊಳ್ಳುತ್ತದೆ.

ಆ್ಯಸಿಡ್ ಕುಡಿದಾಗ ಮಾಡಬೇಕಾದದ್ದು, ಮಾಡಬಾರದ್ದು

ವಾಂತಿ ಮಾಡಿಸಬೇಡಿ. ಉಪ್ಪುನೀರು, ಸೋಪಿನ ನೀರು, ಮೊಟ್ಟೆ, ಎಣ್ಣೆ ಕುಡಿಸಬೇಡಿ. ಒಮ್ಮೆ ಸುಟ್ಟ ದಾರಿಯಲ್ಲೇ ಆ್ಯಸಿಡ್ ಮತ್ತೆ ಮೇಲೆ ಬಂದರೆ ಎರಡನೆಯ ಸಲ ಸುಡುತ್ತದೆ, ಶ್ವಾಸಕೋಶಕ್ಕೂ ಇಳಿಯಬಹುದು. ಬಾಯಿ ಮುಕ್ಕಳಿಸಿ ಉಗುಳಿಸಿ, ಕುಡಿದ ಬಾಟಲಿಯನ್ನೂ ತೆಗೆದುಕೊಂಡು ತಕ್ಷಣ ಆಸ್ಪತ್ರೆಗೆ ಹೋಗಿ. 108ಕ್ಕೆ ಕರೆ ಮಾಡಿ.

ಆ್ಯಸಿಡ್ ಜಠರವನ್ನು ಮಾತ್ರ ಸುಡುತ್ತದೆ, ಅನ್ನನಾಳವನ್ನು ಅಷ್ಟಾಗಿ ಮುಟ್ಟುವುದಿಲ್ಲ ಎಂಬ ನಂಬಿಕೆ ವೈದ್ಯರಲ್ಲೂ ಇತ್ತು. ಅದು ತಪ್ಪು ಎಂದು ಚಂಡೀಗಢದ ಪಿಜಿಐ ಆಸ್ಪತ್ರೆಯ ಝರ್ಗರ್ ಮತ್ತು ಸಂಗಡಿಗರು 1989ರಲ್ಲಿ ತೋರಿಸಿದರು. 1991ರಲ್ಲಿ ಅವರು ಪ್ರಕಟಿಸಿದ, ಸುಟ್ಟಗಾಯವನ್ನು ಎಂಡೋಸ್ಕೋಪಿಯಲ್ಲಿ ನೋಡಿ ದರ್ಜೆ ಹಚ್ಚುವ ಕ್ರಮವನ್ನು ಇಂದು ಜಗತ್ತಿನಾದ್ಯಂತ ಬಳಸುತ್ತಾರೆ. ಸಾಮಾನ್ಯವಾಗಿ ಮೊದಲ ಒಂದೆರಡು ದಿನದಲ್ಲೇ ಈ ಪರೀಕ್ಷೆ ಆಗುತ್ತದೆ. ಹಿಗ್ಗಿಸುವ ಕೆಲಸ ಮಾತ್ರ ಗಾಯ ಹಸಿಯಿರುವಾಗ ಮಾಡುವುದಿಲ್ಲ. ಕನಿಷ್ಠ ಮೂರು ವಾರವಾದರೂ ಕಾಯುತ್ತಾರೆ. ಇಲ್ಲೇ ಒಂದು ಮೋಸವಿದೆ. ಗಾಯ ಮಾಯುತ್ತಾ ಬಂದಾಗ ರೋಗಿ ಚೆನ್ನಾಗಿ ಉಣ್ಣುತ್ತಾನೆ, ಎಲ್ಲರೂ ಗುಣವಾಯಿತೆಂದು ನೆಮ್ಮದಿಪಡುತ್ತಾರೆ. ಕಲೆ ಬಿಗಿಯುವುದು ಆಮೇಲೆಯೇ. ಹಾಗಾಗಿ ಆರಾಮವಾಗಿದ್ದರೂ ಹೇಳಿದ ದಿನ ತೋರಿಸಲೇಬೇಕು. ದಶಕಗಳ ನಂತರ ಇವರಲ್ಲಿ ಕ್ಯಾನ್ಸರ್ ಸಾಧ್ಯತೆ ಹೆಚ್ಚಿರುವುದರಿಂದ ಮುಂದೆಯೂ ತಪಾಸಣೆ ಬೇಕು.

ತಂಪು ಪಾನೀಯದ ಖಾಲಿ ಬಾಟಲಿಯಲ್ಲಿ ಆ್ಯಸಿಡ್ ತುಂಬಿಡುವ ಅಭ್ಯಾಸ ಇಂದೇ ಬಿಡಿ. ಮಕ್ಕಳು ಬಾಟಲಿ ನೋಡುತ್ತಾರೆ, ಒಳಗೇನಿದೆ ಎಂದು ನೋಡುವುದಿಲ್ಲ. ಆಟಿಕೆ, ರಿಮೋಟ್‌ಗಳ ಗುಂಡಿ ಬ್ಯಾಟರಿಯೂ ಅಷ್ಟೇ ಅಪಾಯಕಾರಿ. ಅದು ಅನ್ನನಾಳದಲ್ಲಿ ನಿಂತರೆ ಎರಡು ಗಂಟೆಯೊಳಗೇ ಸುಡಲು ಶುರುವಾಗುತ್ತದೆ.

ಚಿಕಿತ್ಸೆಯ ದಿನ ಮತ್ತು ನಂತರ

ಹಿಂದಿನ ರಾತ್ರಿಯಿಂದ, ಕನಿಷ್ಠ ಆರರಿಂದ ಎಂಟು ಗಂಟೆ ಏನೂ ತಿನ್ನಬಾರದು. ಅಚಲೇಸಿಯಾ ಇದ್ದರೆ ಒಂದೆರಡು ದಿನ ದ್ರವ ಆಹಾರವಷ್ಟೇ ಇರಬೇಕಾಗಬಹುದು. ರಕ್ತ ತೆಳುವಾಗಿಸುವ ಮಾತ್ರೆ, ಸಕ್ಕರೆ ಕಾಯಿಲೆಯ ಮಾತ್ರೆ ತೆಗೆದುಕೊಳ್ಳುತ್ತಿದ್ದರೆ ಮೊದಲೇ ಹೇಳಿ. ನೀವಾಗಿಯೇ ನಿಲ್ಲಿಸಬೇಡಿ. ಗಂಟಲಿಗೆ ಮರಗಟ್ಟಿಸುವ ಸ್ಪ್ರೇ, ಹಲವೆಡೆ ಮಂಪರಿನ ಇಂಜೆಕ್ಷನ್ ಕೊಡುತ್ತಾರೆ. ಸಾಮಾನ್ಯ ಹಿಗ್ಗಿಸುವಿಕೆ ಅರ್ಧ ಗಂಟೆಯೊಳಗೆ ಮುಗಿದು ಅದೇ ದಿನ ಮನೆಗೆ ಹೋಗಬಹುದು. ಜೊತೆಗೊಬ್ಬರು ಇರಬೇಕು, ಅಂದು ಗಾಡಿ ಓಡಿಸಬಾರದು.

ಗಂಟಲು ಕೆರೆತ, ಎದೆಯಲ್ಲಿ ಸಣ್ಣ ನೋವು ಒಂದು ದಿನ ಇರಬಹುದು. ದೊಡ್ಡ ಅಪಾಯವೆಂದರೆ ಅನ್ನನಾಳ ತೂತಾಗುವುದು. ಸರಳ ಸ್ಟ್ರಿಕ್ಚರ್‌ಗಳಲ್ಲಿ ಇದು ನೂರಕ್ಕೆ ಒಂದಕ್ಕಿಂತ ಕಡಿಮೆ. ಆ್ಯಸಿಡ್, ವಿಕಿರಣದ ಕಲೆಗಳಲ್ಲಿ, ಅಚಲೇಸಿಯಾದ ದೊಡ್ಡ ಬಲೂನಿನಲ್ಲಿ ಸ್ವಲ್ಪ ಹೆಚ್ಚು. ಹೆಚ್ಚುತ್ತಲೇ ಹೋಗುವ ಎದೆ ಅಥವಾ ಬೆನ್ನು ನೋವು, ಜ್ವರ, ಉಸಿರು ಕಟ್ಟುವುದು, ರಕ್ತವಾಂತಿ, ಕತ್ತು ಊದಿ ಒತ್ತಿದರೆ ಚರಚರ ಎನ್ನುವುದು — ಇವುಗಳಲ್ಲಿ ಒಂದು ಕಂಡರೂ ಬೆಳಗಾಗಲಿ ಎಂದು ಕಾಯದೆ ಆಸ್ಪತ್ರೆಗೆ ಓಡಬೇಕು. ಬೇಗ ಗೊತ್ತಾದರೆ ಹಲವು ತೂತುಗಳನ್ನು ಕ್ಲಿಪ್, ಸ್ಟೆಂಟ್‌ನಿಂದಲೇ ಮುಚ್ಚಬಹುದು.

ಕೆಲವು ತಪ್ಪು ತಿಳಿವಳಿಕೆಗಳು

*ಬಾಳೆಹಣ್ಣು ನುಂಗಿದರೆ ಸಿಕ್ಕಿಕೊಂಡದ್ದು ಇಳಿಯುತ್ತದೆ.* ಕಮಲಾಪುರದ ಕೆಂಪು ಬಾಳೆ ರುಚಿಗೆ ಹೆಸರಾದದ್ದು, ಭೌಗೋಳಿಕ ಮಾನ್ಯತೆಯನ್ನೂ ಪಡೆದದ್ದು. ಆದರೆ ಕಟ್ಟಿಕೊಂಡ ದಾರಿಯ ಮೇಲೆ ಅದನ್ನು ತುರುಕಿದರೆ ಎರಡೂ ಸೇರಿ ಕಟ್ಟಿಕೊಳ್ಳುತ್ತವೆ, ಶ್ವಾಸನಾಳಕ್ಕೆ ಜಾರುವ ಅಪಾಯವೂ ಇದೆ. ಸಿಕ್ಕಿಕೊಂಡ ಮೇಲೆ ಉಗುಳು ಕೂಡ ನುಂಗಲಾಗದಿದ್ದರೆ ಅದು ತುರ್ತು ಪರಿಸ್ಥಿತಿ. ಕೆಲವೇ ಗಂಟೆಗಳಲ್ಲಿ ಎಂಡೋಸ್ಕೋಪಿಯಿಂದ ತೆಗೆಸಬೇಕು.

*ಬಯಾಪ್ಸಿ ಮಾಡಿಸಿದರೆ ಕ್ಯಾನ್ಸರ್ ಹರಡುತ್ತದೆ.* ಹರಡುವುದಿಲ್ಲ. ಬಯಾಪ್ಸಿ ಇಲ್ಲದೆ ಸರಿಯಾದ ಚಿಕಿತ್ಸೆ ಶುರುವಾಗುವುದೇ ಇಲ್ಲ.

*ಗ್ಯಾಸ್ ಮಾತ್ರೆಯಿಂದ ಸರಿಹೋಗುತ್ತದೆ.* ಆಮ್ಲದ ಮಾತ್ರೆ ಎದೆಯುರಿ ತಗ್ಗಿಸಬಹುದು. ಗಟ್ಟಿಯಾಗಿ ನಿಂತ ಕಲೆಯನ್ನಾಗಲಿ, ಗಂಟನ್ನಾಗಲಿ ಕರಗಿಸುವುದಿಲ್ಲ. ಉರಿ ಕಡಿಮೆಯಾಯಿತೆಂದು ಸುಮ್ಮನಿದ್ದರೆ ರೋಗ ಬೆಳೆಯಲು ಸಮಯ ಕೊಟ್ಟಂತೆ.

*ಎಂಡೋಸ್ಕೋಪಿಯಲ್ಲಿ ಉಸಿರು ಕಟ್ಟುತ್ತದೆ.* ಕೊಳವೆ ಹೋಗುವುದು ಅನ್ನನಾಳಕ್ಕೆ. ಶ್ವಾಸನಾಳ ಬೇರೆ. ವಾಕರಿಕೆ ಬರಬಹುದು, ಉಸಿರಾಟ ಮಾತ್ರ ನಡೆಯುತ್ತಲೇ ಇರುತ್ತದೆ.

ಎಲ್ಲಿಗೆ ಹೋಗುವುದು? ಖರ್ಚು?

ಕೋಟೆ ಸುತ್ತಲಿನ ಓಣಿಯವರಿರಲಿ, ಕಮಲಾಪುರದ ತೋಟದವರಿರಲಿ, ಮೊದಲು ಸರ್ಕಾರಿ ಆಸ್ಪತ್ರೆಯಲ್ಲಿ ತೋರಿಸುವುದು ಒಳ್ಳೆಯದು. ಕಲಬುರಗಿಯಲ್ಲಿ ಜಿಮ್ಸ್ ಬೋಧಕ ಆಸ್ಪತ್ರೆ ಇದೆ. ಕ್ಯಾನ್ಸರ್ ಚಿಕಿತ್ಸೆಗೆ ಕಿದ್ವಾಯಿ ಸಂಸ್ಥೆಯ ಶಾಖಾ ಕೇಂದ್ರವೂ ನಗರದಲ್ಲಿದೆ. 2018ರಲ್ಲಿ ಶುರುವಾದ ಆಯುಷ್ಮಾನ್ ಭಾರತ್ – ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗಿನ ಚಿಕಿತ್ಸೆಗೆ ನೆರವಿದೆ. ತುರ್ತು ಅಲ್ಲದ ಚಿಕಿತ್ಸೆಗೆ ಖಾಸಗಿ ಆಸ್ಪತ್ರೆಗೆ ಹೋಗಲು ಸರ್ಕಾರಿ ಆಸ್ಪತ್ರೆಯ ರೆಫರಲ್ ಪತ್ರ ಬೇಕಾಗುತ್ತದೆ. ನೇರವಾಗಿ ಹೈದರಾಬಾದಿಗೋ ಸೊಲ್ಲಾಪುರಕ್ಕೋ ಬಸ್ ಹತ್ತುವ ಮುನ್ನ ರೇಷನ್ ಕಾರ್ಡ್, ಆಧಾರ್ ಹಿಡಿದು ಇಲ್ಲಿಯ ಆಸ್ಪತ್ರೆಯ ಆರೋಗ್ಯಮಿತ್ರರನ್ನು ವಿಚಾರಿಸಿ. ನಿಮಗೆ ಬೇಕಾದ ಚಿಕಿತ್ಸೆ ಯೋಜನೆಯಲ್ಲಿದೆಯೇ, ಎಲ್ಲಿ ಸಿಗುತ್ತದೆ ಎಂದು ಅವರು ಹೇಳುತ್ತಾರೆ.

ಕೊನೆಯದಾಗಿ ಒಂದು ಸರಳ ಅಳತೆ. ಗಟ್ಟಿ ಆಹಾರ ಎರಡು ವಾರಕ್ಕಿಂತ ಹೆಚ್ಚು ಕಾಲ ಸಿಕ್ಕಿಕೊಳ್ಳುತ್ತಿದ್ದರೆ, ಅದರ ಜೊತೆ ತೂಕ ಇಳಿಯುತ್ತಿದ್ದರೆ, ದನಿ ಬದಲಾಗಿದ್ದರೆ, ವಾಂತಿಯಲ್ಲಿ ರಕ್ತ ಅಥವಾ ಕಪ್ಪು ಮಲ ಕಂಡರೆ ಎಂಡೋಸ್ಕೋಪಿ ಮಾಡಿಸಲು ತಡ ಮಾಡಬೇಡಿ. ಮನೆಯ ಹಿರಿಯರು ಇದ್ದಕ್ಕಿದ್ದಂತೆ ರೊಟ್ಟಿ ಬಿಟ್ಟು ಗಂಜಿ ಕೇಳಲು ಶುರುಮಾಡಿದರೆ 'ಹಲ್ಲಿನ ತೊಂದರೆಯೋ, ನುಂಗುವ ತೊಂದರೆಯೋ?' ಎಂದು ಒಮ್ಮೆ ಕೇಳಿ ನೋಡಿ. ನುಂಗುವ ತೊಂದರೆ ಎಂದರೆ ಮರುದಿನವೇ ವೈದ್ಯರ ಬಳಿ ಕರೆದೊಯ್ಯಿರಿ.